ಸರ್ಕಲ್ಲಿನ ಸಾವುಕಾರರು ಮತ್ತು ನನ್ನ ಅಣ್ಣ

ನಾನು ಸುಳ್ಳು ಹೇಳಿದೆ. ಸಣ್ಣ ಸುಳ್ಳಲ್ಲ. ಶಾಲು ಹೊದ್ದು, ಮೈಕು ಹಿಡಿದು, ಊರವರೆಲ್ಲರ ಎದುರಿಗೆ — ನನ್ನನ್ನು ಓದಿಸಿದವರು ಈ ಸಾವುಕಾರರು, ಇವರ ಮನೆಯಲ್ಲಿ ಜೀತವೆಂಬುದೇ ಇರಲಿಲ್ಲ ಎಂದೆ. ಆ ಗುಂಪಿನಲ್ಲಿ ನನ್ನ ಅಣ್ಣ ಹಣಮಂತ ನಿಂತಿದ್ದ. ಅದೇ ಮನೆಯಲ್ಲಿ ಹದಿನಾಲ್ಕು ವರ್ಷ ಜೀತ ಮಾಡಿದವನು.

ನಾನು ರಾಯಚೂರಿನಲ್ಲಿ ಮುಖ್ಯೋಪಾಧ್ಯಾಯಿನಿಯಾಗಿ ನಿವೃತ್ತಳಾದವಳು. ಹುಟ್ಟಿದ್ದು ದೇವದುರ್ಗ ಕಡೆಯ ಒಂದು ಹಳ್ಳಿಯಲ್ಲಿ. ಅವ್ವನ ಕಾಯಿಲೆಗೆಂದು ಅಪ್ಪ ಸಾವುಕಾರರ ಮುಂದೆ ಕೈಯೊಡ್ಡಿದ. ಆ ಸಾಲಕ್ಕೆ ಬದಲಾಗಿ ನಮ್ಮಿಬ್ಬರನ್ನೂ ಅವರ ಮನೆಗೆ ಬಿಟ್ಟ. ಅಣ್ಣನಿಗೆ ಹತ್ತು ವರ್ಷ, ನನಗೆ ಏಳು. ಅವನಿಗೆ ಎಮ್ಮೆ ಕಾಯುವ ಕೆಲಸ, ನನಗೆ ಕೊಟ್ಟಿಗೆಯ ಸಗಣಿ ಬಳಿಯುವುದು. ಊರಿಗೆ ಬಂದ ಹೊಸ ಮಾಸ್ತರರು ನನ್ನನ್ನು ಶಾಲೆಗೆ ಕಳಿಸಿ ಎಂದು ಕೇಳಿದಾಗ ಸಾವುಕಾರರು ನಕ್ಕರು. ಅಣ್ಣ ಅವರ ಕಾಲಿಗೆ ಬಿದ್ದ.

“ಯಪ್ಪಾ, ತಂಗೀನ ಸಾಲಿಗಿ ಬಿಡ್ರಿ. ಆಕಿ ಕೆಲಸಾನೂ ನಾನ ಮಾಡ್ತೀನ್ರಿ.”

ಮಾಡಿದ. ಎಮ್ಮೆ ಬಿಡುವ ಮೊದಲು ಕೊಟ್ಟಿಗೆ ಬಳಿದ, ಎಮ್ಮೆ ಹೊಡೆದುಕೊಂಡು ಬಂದ ಮೇಲೆ ಮತ್ತೆ ಬಳಿದ. ನಾನು ಓದಿದ್ದು ಹೀಗೆ. ಇದನ್ನು ಯಾರಿಗೂ ಹೇಳಲಿಲ್ಲ — ಗಂಡನಿಗೂ ಇಲ್ಲ. ‘ಬಡತನದಲ್ಲಿ ಓದಿದೆ’ ಎನ್ನುತ್ತಿದ್ದೆ. ಎಷ್ಟು ಅನುಕೂಲದ ಮಾತು! ಅದರೊಳಗೆ ಅಣ್ಣನೂ ಇರಲಿಲ್ಲ, ಸಗಣಿಯೂ ಇರಲಿಲ್ಲ.

ಹೋದ ವರ್ಷ, ಊರ ಸರ್ಕಲ್ಲಿನಲ್ಲಿ ಸಾವುಕಾರರ ಪ್ರತಿಮೆ ನಿಲ್ಲಿಸುತ್ತೇವೆಂದು ಹೇಳಲು ಅವರ ಮೊಮ್ಮಗ ನಮ್ಮ ಮನೆಗೆ ಬಂದ. “ಮೇಡಮ್ಮೋರ, ನಿಮಗ ಓದಿಸಿದ್ದು ನಮ್ಮ ಮುತ್ಯಾ ಅಲ್ಲೇನ್ರೀ? ಎರಡು ಮಾತು ಹೇಳ್ರಿ” ಅಂದ. ಅಲ್ಲ ಎನ್ನಲು ಒಂದೇ ಉಸಿರು ಸಾಕಿತ್ತು. ಹೆದರಿಕೆಯಿಂದ ಒಪ್ಪಿಕೊಂಡೆ ಎಂದರೆ ಅದೂ ಸುಳ್ಳು. ವೇದಿಕೆ ಬೇಕಿತ್ತು ನನಗೆ. ಆ ಮನೆಯ ಆಳಾಗಿದ್ದವಳು ಆ ಮನೆಯವರ ಪಕ್ಕದ ಕುರ್ಚಿಯಲ್ಲಿ ಕೂರುವುದು — ಥೂ, ಅದೇ ದೊಡ್ಡ ಗೆಲುವು ಎಂದುಕೊಂಡೆ. ಇನ್ನೂ ಕೇಳಿ: ನನ್ನ ಭಾಷಣ ಕೇಳಲು ಬಾ ಎಂದು ಅಣ್ಣನನ್ನು ಅವನೀಗ ಇರುವ ಕುರ್ಡಿಯಿಂದ ಕರೆಸಿದವಳೂ ನಾನೇ. ಇಸ್ತ್ರಿ ಮಾಡಿದ ಅಂಗಿ ತೊಟ್ಟು ಬಂದಿದ್ದ.

ಕಾರ್ಯಕ್ರಮ ಮುಗಿದ ಮೇಲೆ ಹತ್ತಿರ ಬಂದು, “ಚಂದ ಮಾತಾಡಿದಿ, ತಂಗಿ” ಅಂದ. “ಹಂಗಾದ್ರ ನಾ ಯಾರ ಮನಿಯಾಗಿದ್ದೆ?” ಎಂದು ಕೇಳಿ ಬಸ್ಸಿಗೆ ನಡೆದ.

ನಾನು ಅವನ ಹಿಂದೆ ಹೋಗಲಿಲ್ಲ. ಫೋಟೋ ತೆಗೆಯುತ್ತಿದ್ದರು.

ಆಮೇಲೆ ಆ ಮನೆಯಲ್ಲಿ ಜೀತಕ್ಕಿದ್ದವರ ಮಕ್ಕಳು ತಾಲೂಕು ಕಚೇರಿಗೆ ಒಂದು ಅರ್ಜಿ ಕೊಟ್ಟರು. ಪ್ರತಿಮೆ ತೆಗೆಯಿರಿ ಎಂದೇನೂ ಅವರು ಕೇಳಲಿಲ್ಲ. ಕೆಳಗೆ ಕೆತ್ತಿದ ‘ದೀನಬಂಧು’ ಎಂಬ ಒಂದು ಪದ ಅಳಿಸಿ ಎಂದರು, ಅಷ್ಟೇ. ಅಣ್ಣ ಸಾಕ್ಷಿ ಹೇಳಲು ಕಚೇರಿಗೆ ಹೋದ. ಅಲ್ಲಿನ ಸಾಹೇಬರು ಅವನ ಮುಂದೆ ಮೊಬೈಲ್ ಹಿಡಿದು ನನ್ನ ಭಾಷಣ ಕೇಳಿಸಿದರು. “ನಿಮ್ಮ ತಂಗೀನ ಹೇಳ್ಯಾರಲ್ಲ ಯಜಮಾನ್ರ, ಮತ್ತೇನದ?” ಅರ್ಜಿ ಅಲ್ಲಿಗೇ ಮುಗಿಯಿತು.

ಸುದ್ದಿ ತಿಳಿದ ಮೇಲೆ ನಾನೂ ಹೇಳಿಕೆ ಬರೆದುಕೊಂಡು ಅದೇ ಕಚೇರಿಗೆ ಹೋದೆ. ಒಮ್ಮೆ ಸಾಹೇಬರು ಮೀಟಿಂಗಿನಲ್ಲಿ, ಒಮ್ಮೆ ರಜೆಯಲ್ಲಿ. ಮೂರನೆಯ ಸಲ ಸಿಕ್ಕವರು, “ಅವತ್ತು ಹಂಗಂದ್ರಿ, ಇವತ್ತು ಹಿಂಗಂತೀರಿ. ಯಾವುದು ಖರೇರೀ?” ಎಂದು ಕಾಗದ ವಾಪಸು ಕೊಟ್ಟರು. ಸಿಟ್ಟು ನೆತ್ತಿಗೇರಿತು. ಆದರೆ ಯಾರ ಮೇಲೆ? ಕೇಳಿದ್ದು ಸರಿಯಾಗಿಯೇ ಇತ್ತಲ್ಲ.

ಕುರ್ಡಿಗೆ ಹೋಗಿ ಅಣ್ಣನ ಮುಂದೆ ತಪ್ಪಾಯಿತೆಂದು ಅತ್ತೆ. ಅವನಿಗೆ ರೇಗಿತು. ಅವನಿಗೆ ರೇಗಿದ್ದನ್ನು ನಾನು ಕಂಡದ್ದು ಅವತ್ತೊಂದೇ ದಿನ.

“ನನಗ್ಯಾಕ ಹೇಳಾಕತ್ತಿ? ನನಗ ಗೊತ್ತಿಲ್ಲೇನು? ಯಾರಿಗಿ ಸುಳ್ಳು ಹೇಳಿದ್ಯೋ ಅವರಿಗಿ ಹೋಗಿ ಹೇಳು!”

ಬರುವ ಶುಕ್ರವಾರ ಪ್ರತಿಮೆಗೆ ಮಾಲೆ ಹಾಕುವ ಕಾರ್ಯಕ್ರಮ. ಈ ಸಲವೂ ಮಾತಾಡಲು ಕರೆದಿದ್ದಾರೆ, ಹೋಗುತ್ತೇನೆ. ಅಣ್ಣನನ್ನು ಬಾ ಎಂದು ಕರೆಯುವ ಮುಖ ನನಗಿಲ್ಲ. ಮೊದಲ ಮಾತಿನಲ್ಲೇ ಅವನ ಹೆಸರು ಹೇಳಿಬಿಡುತ್ತೇನೆ — ಆಮೇಲೆ ಮೈಕು ಕಿತ್ತುಕೊಂಡರೆ ಕಿತ್ತುಕೊಳ್ಳಲಿ.