ಖಫ್ಜಿ ಗಡಿಯಲ್ಲಿ ಒಂದು ಏಟು

ಇರಾಕಿನ ಸೈನ್ಯ ಕುವೈತಿಗೆ ನುಗ್ಗಿದ ವಾರದಲ್ಲೇ ನಾನು, ಗಂಡ, ಮಗಳು ಮೂವರೂ ಕಾರು ಹತ್ತಿ ದಕ್ಷಿಣಕ್ಕೆ ಹೊರಟೆವು. ಖಫ್ಜಿಯ ಸೌದಿ ಚೌಕಿಯಲ್ಲಿ ತಡೆದರು. ಅದಕ್ಕೆ ಕಾರಣ ಯುದ್ಧವಲ್ಲ, ನನ್ನ ಗಂಡನ ಸೋಮಾರಿತನ.

ಮದುವೆಗೆ ಮುಂಚೆಯೇ ನರ್ಸ್ ಕೆಲಸಕ್ಕೆಂದು ಕುವೈತಿಗೆ ಬಂದವಳು ನಾನು. ಪಾಸ್‌ಪೋರ್ಟಿನಲ್ಲಿ ನನ್ನ ಹೆಸರಿನ ಜೊತೆ ಅಪ್ಪನ ಹೆಸರಿತ್ತು. ಗಂಡನ ಪಾಸ್‌ಪೋರ್ಟಿನಲ್ಲಿ ಅವರ ಊರು, ಅವರ ಅಪ್ಪ. ಮೈಸೂರಿನ ಕಡೆ ಮನೆತನದ ಹೆಸರು ಎಷ್ಟು ಜನಕ್ಕಿದೆ? ನನ್ನದರಲ್ಲಿ ನಿಮ್ಮ ಹೆಸರು ಸೇರಿಸಿ ತಿದ್ದಿಸಿ ಎಂದು ಮದುವೆಯಾದಾಗಿನಿಂದ ಬಡಿದುಕೊಂಡಿದ್ದೆ. "ನೋಡೋಣ ಬಿಡೇ, ಏನ್ ಅರ್ಜೆಂಟು" ಎನ್ನುತ್ತಿದ್ದರು. ಮಗಳ ಹೆಸರನ್ನು ಮಾತ್ರ ತಮ್ಮದರಲ್ಲಿ ಸೇರಿಸಿಕೊಂಡಿದ್ದರು.

ಅಧಿಕಾರಿ ಎರಡನ್ನೂ ಪಕ್ಕಪಕ್ಕ ಇಟ್ಟು ನೋಡಿದ. ನನ್ನ ಮುಖ ನೋಡಲಿಲ್ಲ. ಅವನ ಮಾತನ್ನು ಗುಮಾಸ್ತನೊಬ್ಬ ಹಿಂದಿಯಲ್ಲಿ ನಮಗೆ ಹೇಳಿದ: ಗಂಡಸು ಮತ್ತು ಮಗು ಒಳಗೆ ಬರಬಹುದು, ಈ ಹೆಂಗಸು ಅವನಿಗೆ ಏನೂ ಅಲ್ಲ, ವಾಪಸ್ ಹೋಗಲಿ. ವಾಪಸ್ ಎಂದರೆ ಆ ಟ್ಯಾಂಕುಗಳ ನಡುವೆ, ಒಬ್ಬಳೇ. ತಾಳಿ ಎತ್ತಿ ತೋರಿಸಿದೆ. ಚಿನ್ನ ಎಲ್ಲ ಹೆಂಗಸರ ಹತ್ತಿರವೂ ಇರುತ್ತದೆ ಎಂದನಂತೆ. ನನ್ನ ಗಂಡ ಪಕ್ಕದಲ್ಲಿ ನಿಂತು "ಯೆಸ್ ಸರ್, ಯೆಸ್ ಸರ್" ಅನ್ನುತ್ತಿದ್ದರು. ಇವರ ಮೇಲೆ ಬಂದಷ್ಟು ಸಿಟ್ಟು ನನಗೆ ಆ ಸೈನ್ಯದ ಮೇಲೂ ಬಂದಿರಲಿಲ್ಲ.

ಗುಮಾಸ್ತ ಮಗಳ ಮುಂದೆ ಬಗ್ಗಿದ. ನನ್ನನ್ನು ತೋರಿಸಿ, "ಬೇಟಿ, ಯೇ ಕೌನ್ ಹೈ?" ಎಂದ. ಇವಳು ಯಾರು ಎಂಬಷ್ಟು ಹಿಂದಿ ನಾಲ್ಕು ವರ್ಷದ ಅವಳಿಗೂ ಗೊತ್ತಿತ್ತು. ಆದರೂ ತುಟಿ ಬಿಗಿದು ನಿಂತಳು. "ಪೊಲೀಸರ ಮುಂದೆ ಬಾಯಿ ಬಿಟ್ಟೀಯ, ಜೋಕೆ" ಎಂದು ದಾರಿಯುದ್ದಕ್ಕೂ ಗದರಿಸಿದ್ದವಳು ನಾನೇ.

"ಹೇಳೇ ಪುಟ್ಟಿ, ಈಗ ಹೇಳ್ಬೋದು, ಹೇಳು."

ಅವಳು ಅಪ್ಪನ ಕಾಲ ಹಿಂದೆ ಸರಿದುಕೊಂಡಳು. ಅಧಿಕಾರಿ ನನ್ನ ಪಾಸ್‌ಪೋರ್ಟನ್ನು ಮೇಜಿನ ಅಂಚಿಗೆ ತಳ್ಳಿದ.

ಅವಳನ್ನು ಎಳೆದು ಕಪಾಳಕ್ಕೆ ಬಾರಿಸಿದೆ.

"ಅಮ್ಮಾ!" ಎಂದು ಕಿರುಚಿದಳು. ಅಪ್ಪ ಪಕ್ಕದಲ್ಲೇ ಇದ್ದರೂ, ಹೊಡೆದ ನನ್ನನ್ನೇ ಬಂದು ತಬ್ಬಿ ಸೆರಗಿನಲ್ಲಿ ಮುಖ ಹುದುಗಿಸಿದಳು. ಅಧಿಕಾರಿ ಮೊದಲ ಸಲ ನನ್ನ ಮುಖ ನೋಡಿದ. ಪಾಸ್‌ಪೋರ್ಟನ್ನು ಹತ್ತಿರಕ್ಕೆ ಎಳೆದುಕೊಂಡು ಮುದ್ರೆ ಒತ್ತಿದ.

ಕಾರು ಹೊರಟ ಮೇಲೆ ಗಂಡ ನಕ್ಕರು. "ಒಳ್ಳೇ ಉಪಾಯ ಮಾಡ್ದೆ ಕಣೇ."

ಉಪಾಯವಂತೆ! ನಾನು ಯಾವ ಉಪಾಯವನ್ನೂ ಮಾಡಿರಲಿಲ್ಲ. ನಾನು ಯಾರೋ ಎಂಬಂತೆ ಅವಳು ಅಪ್ಪನ ಹಿಂದೆ ಸರಿದಳಲ್ಲ, ಆ ಹೊಟ್ಟೆಯುರಿಗೆ ಹೊಡೆದಿದ್ದೆ.