ಮೈಗೆ ಒಗ್ಗದ ಗಿಡ

ಗಿಡಗಳಿಗೆ ಬರುವ ರೋಗಗಳ ಅಧ್ಯಯನ ನನ್ನ ಕೆಲಸ. ಮನೆ ರಾಯದುರ್ಗದಲ್ಲಿ, ಓಡಾಟವೆಲ್ಲ ಮಡಕಶಿರಾ ಕಡೆಯ ಹೊಲಗಳಲ್ಲಿ. ಆ ಮಳೆಗಾಲ ಅಗಳಿಯ ಹತ್ತಿರದ ಒಂದು ಶೇಂಗಾ ಹೊಲಕ್ಕೆ ಹೋಗಿದ್ದೆ. ಗಿಡಗಳ ಕುಡಿಗಳು ಬೆಂಕಿ ತಾಗಿದಂತೆ ಕಪ್ಪಾಗಿ ಬಾಗಿದ್ದವು.

"ಮೊನ್ನೆ ಚೆನ್ನಾಗೇ ಇತ್ತು ಮೇಡಂ. ಒಂದು ಸಾಲಿಗೆ ಬಂದಿದ್ದು ಪಕ್ಕದ ಸಾಲಿಗೂ ಬತ್ತೈತೆ. ಇದೇನ್ ತೆಗುಲು, ಏನ್ ರೋಗ?" ಎಂದಳು ಹೊಲದೊಡತಿ.

ನಾನು ಬದುವಿನ ಕಡೆ ನೋಡಿದೆ. ಸೊಂಟದೆತ್ತರ ಪಾರ್ಥೇನಿಯಂ ಕಳೆ, ಮೇಲೆಲ್ಲ ಸಬ್ಬಕ್ಕಿ ಚೆಲ್ಲಿದಂತೆ ಬಿಳಿ ಹೂ. ಆ ಹೂವಿನ ಪರಾಗದಲ್ಲಿ ಈ ರೋಗದ ವೈರಸ್ ಇರುತ್ತದೆ. ಕಣ್ಣಿಗೆ ಕಂಡೂ ಕಾಣದಷ್ಟು ಸಣ್ಣ ನುಸಿಗಳು ಅದನ್ನು ಶೇಂಗಾಕ್ಕೆ ಹೊತ್ತು ತರುತ್ತವೆ. ಪಾರ್ಥೇನಿಯಂ ಮಾತ್ರ ತನ್ನ ಎಲೆಯ ಮೇಲೆ ಒಂದು ಚುಕ್ಕೆಯನ್ನೂ ತೋರಿಸುವುದಿಲ್ಲ.

"ಇದನ್ನ ಹೂ ಬಿಡೋಕೆ ಮುಂಚೆ ಕೀಳಬೇಕು" ಎಂದೆ.

"ಕಿತ್ರೆ ಕೈಯೆಲ್ಲ ಉರಿ ಮೇಡಂ. ಅದ್ಕೇ ಯಾರೂ ಮುಟ್ಟಲ್ಲ" ಎಂದು ಮುಂಗೈಯ ಕಪ್ಪು ಕಲೆ ತೋರಿಸಿದಳು.

ನಾನು ಮುಟ್ಟಿದೆ. ಹೂ ಬಿಡಿಸಿ, ಪರಾಗ ಉದುರಿಸಿ, ಪರೀಕ್ಷೆಗೆಂದು ಸೀಸೆಗಳಲ್ಲಿ ತುಂಬಿಕೊಂಡು ಬಸ್ಸು ಹತ್ತುವುದು ಆ ಋತುವಿಡೀ ನಡೆಯಿತು. ಮೊದಲು ರೆಪ್ಪೆ ತುರಿಸಿತು. ಧೂಳು ಅಂದುಕೊಂಡೆ. ಆಮೇಲೆ ಕತ್ತು, ಮೊಣಕೈ ಮಡಿಕೆ. ಒಂದು ಬೆಳಿಗ್ಗೆ ಕಣ್ಣು ತೆರೆಯಲಾಗಲಿಲ್ಲ. ಮುಖ ಬಾತುಹೋಗಿತ್ತು. ಅವ್ವ ನನ್ನ ಗಲ್ಲ ಹಿಡಿದು ಬೆಳಕಿಗೆ ತಿರುಗಿಸಿದಳು.

"ಯಾಕವ್ವ ಹಿಂಗಾತು? ಏನರ ಕಡೀತೇನು?"

"ಇಲ್ಲವ್ವ. ಗಿಡ" ಎಂದೆ.

ಚರ್ಮದ ಡಾಕ್ಟರು, ಮೈಗೆ ಯಾವುದು ಒಗ್ಗದೆಂದು ತಿಳಿಯಲು, ಬೆನ್ನಿಗೆ ಸಣ್ಣ ಪಟ್ಟಿಗಳನ್ನು ಅಂಟಿಸಿ ಕಳಿಸಿದರು. ಬಿಚ್ಚಿದಾಗ ಒಂದೇ ಒಂದು ಜಾಗ, ಪಾರ್ಥೇನಿಯಂ ಪಟ್ಟಿಯದು, ಕೆಂಪಗೆ ಉಬ್ಬಿತ್ತು. "ಮೈ ಒಮ್ಮೆ ಇದನ್ನ ಗುರುತು ಹಿಡೀತು ಅಂದ್ರ ಮರೆಯೂದಿಲ್ರಿ. ಮುಟ್ಟಬೇಕಂತಿಲ್ಲ, ಗಾಳಿಯೊಳಗ ಬಂದ್ರೂ ಸಾಕು. ಆ ಹೊಲದ ಕಡೆ ಹೋಗಬ್ಯಾಡ್ರಿ" ಎಂದರು.

ಮುಖವಸ್ತ್ರ ಕಟ್ಟಿಕೊಂಡು, ತೋಳು ಮುಚ್ಚಿಕೊಂಡು ಮತ್ತೊಮ್ಮೆ ಹೋದೆ. ಹೊಲ ಕಾಣುವ ಮೊದಲೇ, ಆಟೋದಲ್ಲೇ ಕತ್ತು ಉರಿಯತೊಡಗಿತು. ರಸ್ತೆಯ ಎರಡೂ ಬದಿ ಅದೇ ಬಿಳಿ ಹೂ. ಶಾಲೆಯ ಕಾಂಪೌಂಡು, ಕೆರೆಯ ಏರಿ, ಬಸ್ ನಿಲ್ದಾಣದ ಹಿಂದಿನ ಖಾಲಿ ಜಾಗ, ಎಲ್ಲೆಲ್ಲೂ. ವರ್ಷಗಟ್ಟಲೆ ನಾನು ಅವನ್ನು ದಾಟಿ ಓಡಾಡಿದ್ದೆ. ಆಟೋ ತಿರುಗಿಸಲು ಹೇಳಿದೆ.

ಈಗ ನನ್ನದು ಮುಚ್ಚಿದ ಕೋಣೆಯ ಕೆಲಸ. ಬೇರೆಯವರು ತಂದ ಶೇಂಗಾ ಕುಡಿಗಳನ್ನು ಸೂಕ್ಷ್ಮದರ್ಶಕದಲ್ಲಿ ನೋಡುತ್ತೇನೆ. ಹೊಲದೊಡತಿ ಆಗಾಗ ಫೋನು ಮಾಡುತ್ತಾಳೆ. ಕೈಗೆ ಪ್ಲಾಸ್ಟಿಕ್ ಚೀಲ ಕಟ್ಟಿಕೊಂಡು ಅವಳು ತನ್ನ ಬದು ಹಸನು ಮಾಡಿದಳು. ಮುಂದಿನ ಬೆಳೆ ಉಳಿಯಿತು. ಈ ಸಲ ಅವಳ ದನಿ ಬೇರೆಯಾಗಿತ್ತು.

"ಪಕ್ಕದ ಹೊಲ ಬೀಳು ಬಿಟ್ಟವ್ರೆ ಮೇಡಂ. ಪೂರ್ತಿ ಅದೇ ಗಿಡ. ಗಾಳಿ ಆ ಕಡೆಯಿಂದ್ಲೇ ಬೀಸ್ತೈತೆ. ನನ್ಗೂ ಈಗ ಕಣ್ಣು ಊದ್ಕಣ್ತೈತೆ."

ಆಸ್ಪತ್ರೆಗೆ ಹೋಗೆಂದೆ. ಕಳೆ ಕೀಳಲು ಬೇರೆಯವರನ್ನು ಕಳಿಸುತ್ತೇನೆಂದೆ.

"ಬರೋರಿಗೂ ಬಂದ್ರೆ?" ಎಂದಳು.

ಮನೆಯ ಹೊರಗೆ ಮೊದಲ ಮಳೆ ಬಿದ್ದು ನಿಂತಿತ್ತು. ಗಾಳಿ ಒಳಗೆ ಬರದಂತೆ ಅವ್ವ ಒಂದೊಂದೇ ಕಿಟಕಿ ಮುಚ್ಚುತ್ತಿದ್ದಳು.