ಮುಚ್ಚಿದ ಮಿಠಾಯಿ ಅಂಗಡಿಯ ಮುಂದೆ

ರಿಸೆಷನ್ನಿನಲ್ಲಿ ನನ್ನ ಕೆಲಸ ಹೋಗಿ, ನಮ್ಮ ಬೈರೂತ್ ಪ್ರವಾಸ ರದ್ದಾಯಿತು. ಬದಲಿಗೆ ನಾನೂ ಹೆಂಡತಿ ಸುಧಾಳೂ ನಾವಿರುವ ಕ್ಯಾಂಟನ್‌ನಿಂದ ಲೆಬನಾನಿನವರು ಹೆಚ್ಚಿರುವ ಪಕ್ಕದ ಊರು ಡಿಯರ್‌ಬಾರ್ನ್‌ಗೆ ಡ್ರೈವ್ ಮಾಡಿ, ಲೆಬನಾನಿನ ಬೀದಿ ತಿಂಡಿಗಳನ್ನು ತಿನ್ನಿಸುತ್ತ ಸುತ್ತಾಡಿಸುವ ಟೂರ್ ಸೇರಿಕೊಂಡೆವು. ಗೈಡ್ ಸಮೀರಾ ಬೈರೂತಿನವಳು. ಬಿಸಿ ರೊಟ್ಟಿ, ಕಡಲೆಯ ವಡೆಯಂಥ ಫಲಾಫೆಲ್ ಆದ ಮೇಲೆ ಶಟರ್ ಎಳೆದಿದ್ದ ಮಿಠಾಯಿ ಅಂಗಡಿಯೊಂದರ ಮುಂದೆ ನಿಂತಳು.

“ಹೋದ ವಾರ ಕ್ಲೋಸ್ ಆಯ್ತು,” ಎಂದಳು.

ಮುಂದಕ್ಕೆ ಕರೆದೊಯ್ಯುತ್ತಾಳೆ ಎಂದುಕೊಂಡೆವು. ಅವಳು ಕದಲಲಿಲ್ಲ. ಬಿಸಿ ಚೀಸಿನ ಮೇಲೆ ಸಕ್ಕರೆ ಪಾಕ ಸುರಿದ ಕುನಾಫಾ ಇಲ್ಲಿ ಹೇಗಿರುತ್ತಿತ್ತು, ಬೈರೂತಿನಲ್ಲಿ ಅಪ್ಪನ ಜೊತೆ ಅದನ್ನು ಹೇಗೆ ತಿನ್ನುತ್ತಿದ್ದೆ ಎಂದು ನಿಧಾನವಾಗಿ ಹೇಳಿದಳು. ಆಮೇಲೆ ಸುಧಾಳ ಕಡೆ ತಿರುಗಿ, “ನಿಮ್ಮೂರಲ್ಲಿ ಏನು ತಿಂತಿದ್ರಿ?” ಎಂದು ಕೇಳಿದಳು.

ನನ್ನ ಕೆಲಸ ಹೋದಾಗಿನಿಂದ ಮಾತನ್ನೇ ಕಡಿಮೆ ಮಾಡಿದ್ದ ಸುಧಾ, ಮೈಸೂರಿನ ಚುರುಮುರಿ ಗಾಡಿಯ ಬಗ್ಗೆ ಹೇಳತೊಡಗಿದಳು. ಮಂಡಕ್ಕಿ, ಕ್ಯಾರೆಟ್ ತುರಿ, ನಿಂಬೆಹುಳಿ, ಎಣ್ಣೆಯ ಘಮ. ಇಂಗ್ಲಿಷಿನಲ್ಲಿ ಹೊರಟವಳು ನಡುವೆ ಕನ್ನಡಕ್ಕೆ ಹೊರಳಿದ್ದು ಅವಳಿಗೇ ಗೊತ್ತಾಗಲಿಲ್ಲ. ಯಾರೂ ತಡೆಯಲಿಲ್ಲ. ಟೂರಿನವರೆಲ್ಲ ಆ ಚಳಿಯಲ್ಲಿ ಕೇಳುತ್ತ ನಿಂತಿದ್ದರು.

“ಪೊಟ್ಟಣದ ತಳದಲ್ಲಿ ಉಳ್ಕೊಳ್ಳುತ್ತಲ್ಲ ಹುಳಿಖಾರ, ಅದಕ್ಕೋಸ್ಕರಾನೇ ತಿಂತಿದ್ವಿ,” ಎಂದು ಸುಧಾ ಮುಗಿಸಿದಾಗ, ಆ ಕನ್ನಡದ ಒಂದಕ್ಷರವೂ ಅರ್ಥವಾಗದ ಸಮೀರಾ ನಾಲಿಗೆ ಚಪ್ಪರಿಸಿದಳು.